ಸಾಲಿನಲ್ಲಿ ಮೊದಲು ಯಾರು?

ಯುದ್ಧ ಬಂತೆಂದರೆ ಸರ್ಕಾರದ ಗಮನವೆಲ್ಲ ಸೈನಿಕನ ಮೇಲೆ. ಬಸುರಿ, ಬಾಣಂತಿ, ಹಸುಗೂಸುಗಳ ಸರದಿ ಕೊನೆಗೆ. ಲೋಕರೂಢಿ ಇದು. ಎರಡನೇ ಮಹಾಯುದ್ಧದ ಬ್ರಿಟನ್ ಈ ರೂಢಿಯನ್ನು ತಿರುವುಮುರುವು ಮಾಡಿತು.

ಆ ದ್ವೀಪರಾಷ್ಟ್ರ ಆಹಾರದ ಬಹುಪಾಲನ್ನು ಹೊರಗಿನಿಂದ ತರಿಸಿಕೊಳ್ಳುತ್ತಿತ್ತು. ಜರ್ಮನಿಯ ಜಲಾಂತರ್ಗಾಮಿಗಳು ಹಡಗುಗಳನ್ನು ಮುಳುಗಿಸತೊಡಗಿದವು. 1940ರ ಜನವರಿಯಲ್ಲಿ ಬೆಣ್ಣೆ, ಸಕ್ಕರೆಗಳಿಗೆ ಪಡಿತರ ಬಂತು. ಅದೇ ಜುಲೈನಲ್ಲಿ ಗರ್ಭಿಣಿಯರು, ಬಾಣಂತಿಯರು ಮತ್ತು ಐದು ವರ್ಷದೊಳಗಿನ ಮಕ್ಕಳಿಗೆ ದಿನಕ್ಕೊಂದು ಪಿಂಟ್, ಅಂದರೆ ಅರ್ಧ ಲೀಟರಿಗಿಂತ ತುಸು ಹೆಚ್ಚು ಹಾಲು ಅಗ್ಗದ ದರದಲ್ಲಿ ಸಿಗತೊಡಗಿತು. ತೀರ ಬಡವರಿಗೆ ಪುಕ್ಕಟೆ. 1941ರ ಡಿಸೆಂಬರಿನಲ್ಲಿ ಪುಟ್ಟ ಮಕ್ಕಳಿಗೆ ಕಾಡ್ ಮೀನಿನೆಣ್ಣೆ, ಹಣ್ಣಿನ ರಸವೂ ಸೇರಿದವು. ಇವರ ಪಡಿತರ ಪುಸ್ತಕದ ಬಣ್ಣವೇ ಬೇರೆ, ಹಸಿರು. ಅದಿದ್ದವರಿಗೆ ಹಣ್ಣು ಕೊಳ್ಳುವಾಗ ಮೊದಲ ಆದ್ಯತೆ.

ಇದು ಬರಿಯ ಕರುಣೆಯಲ್ಲ, ವಿಜ್ಞಾನದ ಲೆಕ್ಕಾಚಾರ. ಆಹಾರ ಸಚಿವಾಲಯದ ಸಲಹೆಗಾರರಾಗಿದ್ದವರು ಜಾಕ್ ಡ್ರಮ್ಮಂಡ್ ಎಂಬ ಜೀವರಸಾಯನ ವಿಜ್ಞಾನಿ. ಹಾಲಿನ ಕ್ಯಾಲ್ಸಿಯಂ ಮೂಳೆಗೆ ಸೇರಬೇಕಾದರೆ ‘ಡಿ’ ಅನ್ನಾಂಗ ಬೇಕು. ಮೋಡ ಮುಸುಕಿದ ಆ ನಾಡಿನಲ್ಲಿ ಬಿಸಿಲು ಕೊಡದಿದ್ದುದನ್ನು ಮೀನಿನೆಣ್ಣೆ ಕೊಟ್ಟಿತು. ಇಂಗ್ಲೆಂಡ್ ಮತ್ತು ವೇಲ್ಸ್‌ಗಳಲ್ಲಿ 1939ರಲ್ಲಿ ಹುಟ್ಟಿದ ಸಾವಿರ ಶಿಶುಗಳಲ್ಲಿ ಸುಮಾರು 51 ವರ್ಷ ತುಂಬುವ ಮೊದಲೇ ಸಾಯುತ್ತಿದ್ದವು. ಬಾಂಬಿನ ದಾಳಿಯ ವರ್ಷಗಳಲ್ಲಿ ಈ ಸಂಖ್ಯೆ ಏರಿತಾದರೂ 1945ರ ಹೊತ್ತಿಗೆ ಸುಮಾರು 46ಕ್ಕೆ ಇಳಿಯಿತು. ಹಾಲೊಂದೇ ಇದಕ್ಕೆ ಕಾರಣವಲ್ಲ, ನಿಜ. ಆದರೂ ಯುದ್ಧ ಮುಗಿದಾಗ ಶಿಶುಮರಣ ಮೊದಲಿಗಿಂತ ಕಡಿಮೆ ಇತ್ತೆಂಬುದು ಸಣ್ಣ ಮಾತಲ್ಲ.

ಇಷ್ಟಕ್ಕೇ ನಿಲ್ಲಿಸಿದರೆ ಅರ್ಧ ಪಾಠವಾದೀತು. ಅದೇ ಯುದ್ಧ, ಅದೇ ಸಾಮ್ರಾಜ್ಯ. ಆದರೆ 1943ರ ಬಂಗಾಳದ ಬರಗಾಲದಲ್ಲಿ ಹಸಿವು, ರೋಗಗಳಿಗೆ ಬಲಿಯಾದವರು ಸುಮಾರು 30 ಲಕ್ಷವೆಂದು ಅಂದಾಜು. ಆಗಿನ ಸರ್ಕಾರದ ತನಿಖಾ ಆಯೋಗವೇ 15 ಲಕ್ಷವೆಂದು ಒಪ್ಪಿತ್ತು. ಬರ್ಮಾದ ಅಕ್ಕಿ ನಿಂತುಹೋಗಿತ್ತು. ಕಲ್ಕತ್ತೆಯ ಯುದ್ಧೋದ್ಯಮಗಳ ನೌಕರರಿಗೆ ಅಗ್ಗದ ಧಾನ್ಯ ಮೊದಲು ತಲುಪಿತು; ಹಳ್ಳಿಯ ಕೂಲಿಯವನು, ಬೆಸ್ತ ಪೇಟೆಯ ದರಕ್ಕೆ ಕೊಳ್ಳಬೇಕಾಯಿತು. ಅಕ್ಕಿಯ ಬೆಲೆ ಏರಿದಂತೆ ಕೂಲಿ ಏರಲಿಲ್ಲ. ಧಾನ್ಯವಿದ್ದರೂ ಕೊಳ್ಳುವ ಶಕ್ತಿಯಿಲ್ಲದೆ ಜನ ಸಾಯಬಲ್ಲರೆಂಬುದನ್ನು ಅಮರ್ತ್ಯ ಸೇನ್ 1981ರ ತಮ್ಮ ಗ್ರಂಥದಲ್ಲಿ ಈ ಉದಾಹರಣೆಯಿಂದಲೇ ವಿವರಿಸಿದರು.

ಮುಗ್ಗಟ್ಟು ಎರಡೂ ಕಡೆ ಇತ್ತು. ಒಂದು ಕಡೆ ದುರ್ಬಲರನ್ನು ಸಾಲಿನ ಮುಂದೆ ನಿಲ್ಲಿಸಿದರು, ಇನ್ನೊಂದು ಕಡೆ ಸಾಲಿನಲ್ಲೇ ಸೇರಿಸಲಿಲ್ಲ. 1975ರಲ್ಲಿ ಶುರುವಾದ ನಮ್ಮ ಅಂಗನವಾಡಿಗಳು ಬಸುರಿ, ಬಾಣಂತಿ, ಎಳೆಯ ಮಕ್ಕಳನ್ನೇ ಮುಂದಿಟ್ಟುಕೊಂಡಿವೆ. ನಾಳೆ ಕಷ್ಟಕಾಲ ಬಂದು, ಆ ಖರ್ಚಿಗೇ ಮೊದಲು ಕತ್ತರಿ ಹಾಕೋಣವೆಂದು ಯಾರಾದರೂ ಹೇಳಿದರೆ, ಈ ಎರಡು ಲೆಕ್ಕಗಳನ್ನು ಅವರ ಮುಂದಿಡಿ.