ಜರ್ಮನರ ಗಿಣ್ಣಿನ ಉಂಡೆ

ಶಿವಮೊಗ್ಗೆಯ ಸೋದರಿಯೊಬ್ಬರು ಈ ಪುಟಕ್ಕೆ ಕಾಗದ ಬರೆದಿರುವರು. ಅವರ ಮಗನು ಜರ್ಮನಿಯ ಮ್ಯೂನಿಕ್ ನಗರದಲ್ಲಿ ವ್ಯಾಸಂಗ ಮಾಡುತ್ತಿರುವನಂತೆ. ಮೊನ್ನೆ ಶುಕ್ರವಾರ ರಾತ್ರಿ ಫೋನಿನಲ್ಲಿ “ಏನು ಉಂಡೆಯಪ್ಪಾ?” ಎಂದು ತಾಯಿ ಕೇಳಲು, “ಉಂಡೆಯನ್ನೇ ಉಂಡೆನಮ್ಮಾ, ಚೀಸಿನದು, ನೀರಿನಲ್ಲಿ ಬೇಯಿಸಿದ್ದು, ಸಿಹಿಯಾಗಿತ್ತು” ಎಂದು ಆತನು ಉತ್ತರ ಕೊಟ್ಟನಂತೆ. ಅನ್ನವಿಲ್ಲದೆ, ಸಾರಿಲ್ಲದೆ, ರಾತ್ರಿಯ ಊಟಕ್ಕೆ ನಾಲ್ಕು ಸಿಹಿಯುಂಡೆಗಳೆಂದರೆ ಅದೆಂಥ ಊಟ? ಅದರಲ್ಲಿ ಏನೇನು ಬೆರೆತಿರುವುದು? ನಾವು ತಿನ್ನತಕ್ಕ ಪದಾರ್ಥವೇ? ಹುಡುಗನು ಆಗಸ್ಟಿನಲ್ಲಿ ರಜೆಗೆ ಬಂದಾಗ ಮನೆಯಲ್ಲಿ ಮಾಡಿಕೊಡಬಹುದೇ? ಇವು ಆ ಸೋದರಿಯ ಪ್ರಶ್ನೆಗಳು.

ಕಾಗದವನ್ನು ಓದಿ ನನಗೆ ನಗುವೂ ಬಂದಿತು, ಮರುಕವೂ ಆಯಿತು. ಇವೇ ಪ್ರಶ್ನೆಗಳನ್ನು ೨೦೧೪ರಲ್ಲಿ ನಾನೂ ಕೇಳಿದ್ದೆನು. ಆ ವರ್ಷ ಮಗಳ ಬಾಣಂತನಕ್ಕಾಗಿ ಬವೇರಿಯ ಪ್ರಾಂತದ ಒಂದು ಸಣ್ಣ ಊರಿನಲ್ಲಿ ಮೂರು ತಿಂಗಳು ಇದ್ದೆನು. ಊರಿನಿಂದ ಮೆಣಸು, ಜೀರಿಗೆ, ಅಂಟು, ಒಣಕೊಬ್ಬರಿ ಎಲ್ಲವನ್ನೂ ಕಟ್ಟಿಕೊಂಡು ಹೋಗಿ, ಕಾಲಕಾಲಕ್ಕೆ ಮೆಣಸಿನ ಸಾರನ್ನೂ ಬೆಳ್ಳುಳ್ಳಿಯ ಅನ್ನವನ್ನೂ ಮಾಡಿ ಬಡಿಸುತ್ತಿದ್ದೆನು. ಮಗಳು ಎರಡು ತುತ್ತು ತಿಂದು ತಟ್ಟೆಯನ್ನು ಸರಿಸುತ್ತಿದ್ದಳು. ಮೂರನೆಯ ವಾರದಲ್ಲಿ ನೆರೆಮನೆಯ ವೃದ್ಧೆ, ನನ್ನ ಮಗಳು “ಓಮಾ” ಎಂದು ಅಜ್ಜಿಯ ಹೆಸರಿನಿಂದಲೇ ಕರೆಯುತ್ತಿದ್ದವರು, ಒಂದು ಮುಚ್ಚಿದ ಪಾತ್ರೆಯನ್ನು ತಂದಿಟ್ಟು ಹೋದರು. ತೆರೆದು ನೋಡಿದರೆ ನಿಂಬೆಹಣ್ಣಿಗಿಂತ ತುಸು ದಪ್ಪನಾದ ಆರು ಬಿಳಿಯ ಉಂಡೆಗಳು. ಮೇಲೆ ಬೆಣ್ಣೆಯಲ್ಲಿ ಹುರಿದ ರೊಟ್ಟಿಯ ಪುಡಿ. ಮಗಳು ಒಂದೇ ಸಮನೆ ನಾಲ್ಕನ್ನು ತಿಂದಳು. ಅವಳು ತಿಂದಳಲ್ಲಾ ಎಂದು ನನಗೆ ಸಂತೋಷವಾಗಬೇಕಾಗಿತ್ತು. ಆದದ್ದು ಹೊಟ್ಟೆಯುರಿ ಎಂಬುದನ್ನು ಈಗ ಒಪ್ಪಿಕೊಂಡರೆ ತಪ್ಪೇನಿಲ್ಲ.

ಆ ಉಂಡೆಗೆ ಕ್ವಾರ್ಕ್ ಕ್ನೋಡೆಲ್ ಎಂದು ಹೆಸರು. ಬವೇರಿಯದವರೂ ಆಸ್ಟ್ರಿಯದವರೂ ತೋಪ್ಫೆನ್ ಕ್ನೋಡೆಲ್ ಎನ್ನುವುದೇ ಹೆಚ್ಚು. ಕ್ನೋಡೆಲ್ ಎಂಬುದು ಗಂಟು ಎಂಬರ್ಥದ ಹಳೆಯ ಜರ್ಮನ್ ಮಾತಿನಿಂದ ಹುಟ್ಟಿದ್ದು. ಕ್ವಾರ್ಕ್ ಎಂಬ ಮಾತು ಜರ್ಮನರಿಗೆ ಅವರ ಪೂರ್ವದಿಕ್ಕಿನ ಸ್ಲಾವ್ ಜನರಿಂದ ಬಂದಿತು. ಆಡುಮಾತಿನಲ್ಲಿ ಅರ್ಥವಿಲ್ಲದ ಹರಟೆಗೂ ಅವರು ಕ್ವಾರ್ಕ್ ಎಂದೇ ಅನ್ನುವರು. ಇದು ಚೀಸಿನ ಜಾತಿಗೆ ಸೇರಿದ್ದೇನೋ ಹೌದು. ಆದರೆ ಅಂಗಡಿಯಲ್ಲಿ ದೊರೆಯುವ ಹಳದಿಯ ಗಟ್ಟಿ ಚೀಸನ್ನು ಯಾರೂ ನೆನೆಯಬಾರದು. ನಿಘಂಟುಗಳಲ್ಲಿ ಚೀಸಿಗೆ ಗಿಣ್ಣು ಎಂದು ಅರ್ಥ ಹೇಳುವುದುಂಟು. ಈಗತಾನೇ ಕರುಹಾಕಿದ ಹಸುವಿನ ಹಾಲಿನಿಂದ ನಾವು ಮಾಡುವ ಗಿಣ್ಣಿಗೂ ಇದಕ್ಕೂ ಸಂಬಂಧವಿಲ್ಲ. ಬೇರೆ ಮಾತು ತೋಚದ ಕಾರಣ ನಾನೂ ತಲೆಬರಹದಲ್ಲಿ ಅದನ್ನೇ ಇಟ್ಟಿರುವೆನು. ಹಾಲನ್ನು ಹುಳಿಗೊಳಿಸಿ, ಒಡೆದ ಗಟ್ಟಿಯನ್ನು ಸೋಸಿ, ಮಾಗಲು ಬಿಡದೆ ಹೊಸತಾಗಿಯೇ ತಿನ್ನತಕ್ಕ ಬಿಳಿಯ ಮುದ್ದೆಯೇ ಕ್ವಾರ್ಕ್. ಬೆಳಗಾವಿ, ಧಾರವಾಡಗಳ ಕಡೆ ಶ್ರೀಖಂಡಕ್ಕೆಂದು ಮೊಸರನ್ನು ಬಟ್ಟೆಯಲ್ಲಿ ಕಟ್ಟಿ ತೂಗುಹಾಕಿ ಚಕ್ಕಾ ತೆಗೆಯುವರಷ್ಟೆ. ನಮ್ಮಲ್ಲಿ ಅದಕ್ಕೆ ಅತ್ಯಂತ ಸಮೀಪವಾದುದು ಈ ಚಕ್ಕಾ.

ಊಟಕ್ಕೆ ಸಿಹಿಯೇ ಏಕೆಂಬುದಕ್ಕೆ ಶುಕ್ರವಾರವೇ ಉತ್ತರ ಹೇಳುವುದು. ಬವೇರಿಯದ ಜನರು ಬಹುಮಟ್ಟಿಗೆ ಕ್ಯಾಥೊಲಿಕ್ ಸಂಪ್ರದಾಯದಲ್ಲಿ ಬೆಳೆದವರು. ಆ ಸಂಪ್ರದಾಯದಲ್ಲಿ ಶುಕ್ರವಾರ ಮಾಂಸ ವರ್ಜ್ಯ. ಆ ದಿನ ಹಿಟ್ಟು, ರವೆ, ಹಾಲು, ಹಣ್ಣುಗಳಿಂದ ಮಾಡಿದ ಭಕ್ಷ್ಯವನ್ನೇ ಹೊಟ್ಟೆ ತುಂಬ ತಿನ್ನುವ ವಾಡಿಕೆ ಬೆಳೆಯಿತು. ವ್ರತದ ಕಟ್ಟು ಸಡಿಲವಾದ ಮನೆಗಳಲ್ಲಿಯೂ ನಾಲಿಗೆ ಆ ವಾರವನ್ನು ಮರೆತಿಲ್ಲ. ಆದಕಾರಣ ಶಿವಮೊಗ್ಗೆಯ ಸೋದರಿಯು ಕಳವಳಪಡಬೇಕಾಗಿಲ್ಲ. ಹುಡುಗನು ಉಂಡದ್ದು ತಿಂಡಿಯಲ್ಲ, ಅಲ್ಲಿಯ ಲೆಕ್ಕದಲ್ಲಿ ಪೂರ್ಣವಾದ ಊಟ. ಹಾಲಿನ ಸತ್ವವೂ ಗೋಧಿಯ ಸತ್ವವೂ ಅದರಲ್ಲಿ ಕೂಡಿರುವುವು.

ಪದಾರ್ಥದ ವಿಷಯದಲ್ಲಿ ಮಾತ್ರ ಎರಡು ಸಂಗತಿಗಳನ್ನು ಮರೆಮಾಚದೆ ಹೇಳಬೇಕು. ಅಲ್ಲಿಯ ರೂಢಿಯಂತೆ ಈ ಉಂಡೆಗೆ ಮೊಟ್ಟೆ ಬೀಳುವುದು. ಅಲ್ಲದೆ ಕ್ವಾರ್ಕನ್ನು ಒಡೆಯಿಸುವಾಗ ಹಾಲಿಗೆ ರೆನೆಟ್ ಎಂಬ ದ್ರವ್ಯವನ್ನು ಅತಿ ಸ್ವಲ್ಪವಾಗಿ ಸೇರಿಸುವುದುಂಟು. ಪೂರ್ವದಲ್ಲಿ ಅದು ಎಳಗರುವಿನ ಜಠರದಿಂದ ಬರುತ್ತಿತ್ತು. ಈಗ ಸೂಕ್ಷ್ಮಜೀವಿಗಳಿಂದ ತಯಾರಾದ ರೆನೆಟ್ಟೂ ವಿಶೇಷವಾಗಿ ಬಳಕೆಯಲ್ಲಿದೆ. ಯಾವುದನ್ನು ಹಾಕಿದರೆಂದು ಡಬ್ಬಿಯ ಮೇಲೆ ಬರೆಯಲೇಬೇಕೆಂಬ ಕಟ್ಟಳೆ ಯೂರೋಪಿನಲ್ಲಿಲ್ಲ. ಕಟ್ಟುನಿಟ್ಟಾಗಿರುವವರು ಸೂಕ್ಷ್ಮಜೀವಿಯ ರೆನೆಟ್ ಎಂದಾಗಲಿ, ಸಸ್ಯಾಹಾರಿಗಳಿಗೆ ಯೋಗ್ಯವೆಂದಾಗಲಿ ಮುದ್ರಿಸಿರುವ ಡಬ್ಬಿಯನ್ನೇ ಹುಡುಕಿ ಕೊಳ್ಳುವುದು ಲೇಸು. ಮನೆಯ ಮೊಸರಿನಿಂದ ಮಾಡುವವರಿಗೆ ಈ ತೊಡಕೇ ಇಲ್ಲ.

ಇನ್ನು ನನ್ನ ಪ್ರತಾಪವನ್ನು ಹೇಳುವೆನು. ಹೊಟ್ಟೆಯುರಿ ಸುಮ್ಮನಿರಗೊಡದು. ಮಗಳು ಇಷ್ಟಪಟ್ಟದ್ದನ್ನು ನಾನೇ ಮಾಡಿಕೊಡುವೆನೆಂದು ಓಮಾ ಅವರಿಂದ ಪ್ರಮಾಣವನ್ನು ಚೀಟಿಯಲ್ಲಿ ಬರೆಸಿಕೊಂಡೆನು. ಡಬ್ಬಿಯಿಂದ ತೆಗೆದ ಕ್ವಾರ್ಕನ್ನು ಹಾಗೆಯೇ ಪಾತ್ರೆಗೆ ಸುರಿದು, ಉಳಿದುದನ್ನೆಲ್ಲ ಕಲಸಿದೆನು. ಮುದ್ದೆ ಕೈಗೆ ಅಂಟಿತು. ಒಂದು ಹಿಡಿ ಹಿಟ್ಟು ಹಾಕಿದೆನು. ಮತ್ತೆಯೂ ಅಂಟಿತು, ಮತ್ತೊಂದು ಹಿಡಿ. ಹೀಗೆ ನಾಲ್ಕು ಹಿಡಿಯಾದ ಮೇಲೆ ಉಂಡೆ ಕಟ್ಟಲು ಬಂದಿತು. ಕುದಿಕುದಿಯುವ ನೀರಿಗೆ ಹಾಕಿ ಮುಚ್ಚಿದೆನು. ಕಾಲು ಗಂಟೆಯ ಮೇಲೆ ನೋಡಿದರೆ ಅರ್ಧಕ್ಕರ್ಧ ಉಂಡೆಗಳು ಕರಗಿ ಗಂಜಿಯಾಗಿದ್ದುವು. ಮಿಕ್ಕವು ಚೆಂಡಾಡಲು ತಕ್ಕವಾಗಿದ್ದುವು.

ಓಮಾ ಬಂದು ನೋಡಿದರು. ಅವರ ಜರ್ಮನ್ ನನಗೆ ತಿಳಿಯದು, ನನ್ನ ಕನ್ನಡ ಅವರಿಗೆ ತಿಳಿಯದು. ಎರಡು ಮುಳ್ಳುಚಮಚಗಳಿಂದ ಒಂದು ಉಂಡೆಯನ್ನು ಬಿಡಿಸಿ, ನಡುವೆ ಬೇಯದೆ ಉಳಿದಿದ್ದ ಹಸಿಹಿಟ್ಟನ್ನು ನನಗೆ ತೋರಿಸಿದರು. ಬಳಿಕ ಇನ್ನೊಂದು ಡಬ್ಬಿ ಕ್ವಾರ್ಕನ್ನು ಶುಭ್ರವಾದ ಬಟ್ಟೆಯಲ್ಲಿ ಸುರಿದು ಗಂಟು ಕಟ್ಟಿ, ಜರಡಿಯಲ್ಲಿಟ್ಟು, ಮೇಲೆ ನೀರು ತುಂಬಿದ ಪಾತ್ರೆಯೊಂದನ್ನು ಹೇರಿ, ನನ್ನನ್ನು ಕಾಫಿಗೆ ಕೂರಿಸಿದರು. ಒಂದು ಗಂಟೆಯ ತರುವಾಯ ಜರಡಿಯ ಕೆಳಗೆ ಅರ್ಧ ಲೋಟ ನೀರು ಇಳಿದಿತ್ತು. ಆ ಲೋಟವನ್ನೆತ್ತಿ ನನ್ನ ಕಣ್ಣಮುಂದೆ ಹಿಡಿದು, ಹಿಟ್ಟಿನ ಡಬ್ಬಿಯ ಕಡೆ ಬೆರಳು ತೋರಿಸಿ, ತಲೆಯಲ್ಲಾಡಿಸಿದರು. ಅಷ್ಟೇ ಪಾಠ. ಚಕ್ಕಾ ಕಟ್ಟಿ ಬೆಳೆದ ಕೈ ನನ್ನದು. ಪರದೇಶದ ಡಬ್ಬಿಯನ್ನು ಕಂಡೊಡನೆ ಆ ಬುದ್ಧಿ ಎಲ್ಲಿ ಹೋಗಿತ್ತೋ!

ಕೊಬ್ಬು ತೆಗೆದ ಕ್ವಾರ್ಕಿನಲ್ಲಿ ನೂರಕ್ಕೆ ಸುಮಾರು ೮೦ ಭಾಗ ನೀರೇ ಇರುವುದು. ಆ ನೀರನ್ನು ಹಿಂಡದೆ ಹಿಟ್ಟಿನಿಂದ ಹೀರಿಸಹೊರಟರೆ ಉಂಡೆ ಹಿಟ್ಟಿನದಾಗುವುದೇ ಹೊರತು ಗಿಣ್ಣಿನದಾಗದು. ಡಬ್ಬಿಯ ಮೇಲಿನ ಅಂಕಿಯೂ ಹೊಸಬರನ್ನು ಮೋಸಗೊಳಿಸುವುದು. ಶೇಕಡಾ ೪೦ ಕೊಬ್ಬೆಂದಿದ್ದರೆ, ಅದು ನೀರನ್ನು ಕಳೆದ ಮೇಲೆ ಉಳಿಯುವ ಒಣ ಅಂಶದ ಲೆಕ್ಕ. ಇಡೀ ಕ್ವಾರ್ಕಿನಲ್ಲಿ ಕೊಬ್ಬು ಸುಮಾರು ೧೧ ಭಾಗ ಮಾತ್ರ.

ಮಾಡುವ ಕ್ರಮ: ಹುಳಿಯೇರದ ಗಟ್ಟಿ ಮೊಸರನ್ನು ಬಟ್ಟೆಯಲ್ಲಿ ಕಟ್ಟಿ, ತಂಪಾದ ಸ್ಥಳದಲ್ಲಿ ರಾತ್ರಿಯೆಲ್ಲ ತೂಗುಹಾಕಬೇಕು, ಬೇಸಿಗೆಯಾದರೆ ಜರಡಿಯಲ್ಲಿಟ್ಟು ಫ್ರಿಜ್ಜಿನೊಳಗೆ ಇಡುವುದು ಕ್ಷೇಮ. ಬೆಳಿಗ್ಗೆ ಒಂದು ಗಂಟೆ ಭಾರವಿಟ್ಟು ಒತ್ತಬೇಕು. ಬೆರಳಿನಿಂದ ಮುಟ್ಟಿದರೆ ಬೆರಳು ಒದ್ದೆಯಾಗಬಾರದು. ಹೀಗೆ ಸಿದ್ಧವಾದುದನ್ನು ತೂಗಿ ೫೦೦ ಗ್ರಾಂ ತೆಗೆದುಕೊಳ್ಳಿರಿ. ಮೊಸರಿನ ಅಳತೆಯನ್ನು ನಂಬಬೇಡಿರಿ, ಏಕೆಂದರೆ ಹಾಲಿನಿಂದ ಹಾಲಿಗೆ ಅದು ಬದಲಾಗುವುದು. ೬೦ ಗ್ರಾಂ ಮೆತ್ತನೆಯ ಬೆಣ್ಣೆ, ಎರಡು ದೊಡ್ಡ ಚಮಚ ಸಕ್ಕರೆ, ಚಿಟಿಕೆ ಉಪ್ಪು, ಒಂದು ನಿಂಬೆಹಣ್ಣಿನ ಸಿಪ್ಪೆಯ ಹಳದಿ ಭಾಗದ ತುರಿ, ಇವನ್ನು ಚೆನ್ನಾಗಿ ನಾದಿ, ಎರಡು ಮೊಟ್ಟೆಗಳನ್ನು ಒಂದೊಂದಾಗಿ ಕೂಡಿಸಿ, ಕಟ್ಟಿದ ಮೊಸರನ್ನು ಸೇರಿಸಿ, ಕೊನೆಗೆ ೧೨೦ ಗ್ರಾಂ ಚಿರೋಟಿ ರವೆಯನ್ನು ಉದುರಿಸಿ ಕಲಸಿರಿ. ಉಪ್ಪಿಟ್ಟಿನ ದಪ್ಪರವೆ ಬೇಡ. ಬಳಿಕ ಒಂದು ಗಂಟೆಯ ಕಾಲ ಮುಚ್ಚಿಡಬೇಕು. ಕಲಸಿದಾಗ ಮುದ್ದೆ ಸಡಿಲವಾಗಿಯೇ ಇರುವುದು, ಹೆದರಬೇಡಿರಿ. ಉಳಿದ ತೇವವನ್ನು ರವೆಯು ಆ ಒಂದು ಗಂಟೆಯಲ್ಲಿ ಕುಡಿದು ಉಬ್ಬುವುದು.

ಅಗಲವಾದ ಪಾತ್ರೆಯಲ್ಲಿ ಧಾರಾಳವಾಗಿ ನೀರು ಕಾಯಿಸಿ, ಸ್ವಲ್ಪ ಉಪ್ಪು ಹಾಕಿ, ಕುದಿ ಬಂದೊಡನೆ ಉರಿಯನ್ನು ತಗ್ಗಿಸಿರಿ. ನೀರಿನ ಮೇಲ್ಮೈ ನಡುಗಬೇಕು, ಕೊತಕೊತನೆ ಕುದಿಯಕೂಡದು. ಕುದಿಯುವ ನೀರಿನಲ್ಲಿ ಉಂಡೆಗಳು ಒಂದಕ್ಕೊಂದು ತಾಕಿ ಒಡೆಯುವುವು. ಮೊದಲು ಒಂದೇ ಉಂಡೆಯನ್ನು ಒದ್ದೆಗೈಯಿಂದ ಕಟ್ಟಿ ಬಿಡಿರಿ. ಪರೀಕ್ಷೆಯ ಈ ಮೊದಲ ಉಂಡೆಗೆ ಜರ್ಮನ್ ಭಾಷೆಯಲ್ಲಿ ಬೇರೆ ಹೆಸರೇ ಇರುವುದು. ಅಲ್ಲಿಯ ನುರಿತ ಗೃಹಿಣಿಯರೂ ಇದನ್ನು ಬಿಡುವುದಿಲ್ಲ. ಅದು ಒಡೆದರೆ ಮುದ್ದೆಗೆ ಒಂದು ಚಮಚ ರವೆ ಸೇರಿಸಿ ಇನ್ನೂ ಕಾಲು ಗಂಟೆ ಕಾಯಿರಿ. ಗಟ್ಟಿಯಾದರೆ ಒಂದು ಚಮಚ ಮೊಸರು ಸೇರಿಸಿರಿ. ಸರಿಯಾಗಿದ್ದರೆ ಮಿಕ್ಕ ಹತ್ತು ಹನ್ನೊಂದು ಉಂಡೆಗಳನ್ನೂ ಬಿಟ್ಟು, ೧೨ರಿಂದ ೧೫ ನಿಮಿಷ ಬೇಯಿಸಿರಿ. ತೇಲಿದೊಡನೆ ಬೆಂದಿತೆಂದು ತೆಗೆಯುವುದು ಆತುರಗಾರರ ಕೆಲಸ.

ಅಷ್ಟರಲ್ಲಿ ಬೇರೊಂದು ಬಾಣಲೆಯಲ್ಲಿ ೬೦ ಗ್ರಾಂ ಬೆಣ್ಣೆಗೆ ೧೦೦ ಗ್ರಾಂ ಒಣ ಬ್ರೆಡ್ಡಿನ ಪುಡಿಯನ್ನು ಹಾಕಿ, ಹೊಂಬಣ್ಣಕ್ಕೆ ಹುರಿದು, ಇಳಿಸಿದ ಮೇಲೆ ಸಕ್ಕರೆಯನ್ನೂ ದಾಲ್ಚಿನ್ನಿಯ ಪುಡಿಯನ್ನೂ ಬೆರೆಸಿಡಿರಿ. ಉಂಡೆಗಳನ್ನು ಜಾಲರಿಯಿಂದ ಎತ್ತಿ ನೀರು ಬಸಿದು ಇದರಲ್ಲಿ ಹೊರಳಿಸಬೇಕು. ಚಾಕುವಿನಿಂದ ಕೊಯ್ಯುವುದನ್ನು ಅಲ್ಲಿಯವರು ಮೆಚ್ಚರು. ಮುಳ್ಳುಚಮಚದಿಂದ ಬಿಡಿಸಿಯೇ ತಿನ್ನುವರು. ಬಿಡಿಸಿದ ಒರಟು ಮೈ ರಸವನ್ನು ಹೀರುವಂತೆ ಕೊಯ್ದ ನುಣುಪು ಮೈ ಹೀರದು.

ಮೊಟ್ಟೆಯ ಪ್ರವೇಶವಿಲ್ಲದ ಮನೆಗಳಿಗೆ, ನಮ್ಮ ಮನೆಯೂ ಅಂಥದೇ, ನಾನು ಹಲವು ಬಾರಿ ಮಾಡಿ ನೋಡಿರುವ ಪ್ರಮಾಣ ಇದು: ರವೆಯನ್ನು ೧೭೫ ಗ್ರಾಂಗೆ ಏರಿಸಿ, ಒಂದು ಚಮಚ ಜೋಳದ ಗಂಜಿಹಿಟ್ಟನ್ನು, ಅಂದರೆ ಕಾರ್ನ್‌ಫ್ಲೋರನ್ನು, ಸೇರಿಸಿ, ಉಂಡೆಗಳನ್ನು ಚಿಕ್ಕದಾಗಿ ಕಟ್ಟಿ, ನೀರಿಗೆ ಬಿಡದೆ ಇಡ್ಲಿಯ ಪಾತ್ರೆಯಲ್ಲಿ ಹಬೆಗಿಟ್ಟು ಕಾಲು ಗಂಟೆ ಬೇಯಿಸುವುದು. ನಮ್ಮ ನುಚ್ಚಿನುಂಡೆಯನ್ನು ಬೇಯಿಸಿದವರಿಗೆ ಇದರಲ್ಲಿ ಹೊಸದೇನೂ ಇಲ್ಲ. ಮೊಟ್ಟೆ ಹಾಕಿದುದರಷ್ಟು ಹಗುರವಾಗದೆಂಬುದು ನಿಜ, ಒಡೆಯುವುದಂತೂ ಇಲ್ಲ.

ಹಾಲುಗಿಣ್ಣು ಬಾಣಂತಿಗೆ ಭಾರವೆಂದು ಆಗ ನಾನು ಮಗಳೊಡನೆ ವಾದಿಸಿದ್ದೆನು. ಅವಳು ಮಾತಾಡದೆ ಒಂದು ಚಿತ್ರವನ್ನು ತೋರಿಸಿದಳು. ದಕ್ಷಿಣ ಟಿರೋಲ್ ಎಂಬ ಬೆಟ್ಟದ ಸೀಮೆಯು ಮೊದಲನೆಯ ಮಹಾಯುದ್ಧದ ನಂತರ ಇಟಲಿಗೆ ಸೇರಿತು. ಜನರ ಮಾತು ಇಂದಿಗೂ ಬಹುಮಟ್ಟಿಗೆ ಜರ್ಮನ್. ಅಲ್ಲಿಯ ಹೋಖ್‌ಎಪ್ಪಾನ್ ಕೋಟೆಯ ಪ್ರಾರ್ಥನಾಮಂದಿರದ ಗೋಡೆಯ ಮೇಲೆ ಸುಮಾರು ೧೨೦೦ನೆಯ ಇಸವಿಯ ಕ್ರಿಸ್ತಜನನದ ಚಿತ್ರವೊಂದಿದೆ. ಹೆತ್ತ ತಾಯಿ ಮಲಗಿರುವಳು. ಪಕ್ಕದಲ್ಲಿ ಹೆಂಗಸೊಬ್ಬಳು ಒಲೆಯ ಮುಂದೆ ಕುಳಿತು, ಬಾಣಲೆಯಲ್ಲಿಯ ಉಂಡೆಗಳಲ್ಲಿ ಒಂದನ್ನು ತನ್ನ ಬಾಯಿಗಿಡುತ್ತಿರುವಳು. ಉಂಡೆ ರೊಟ್ಟಿಯದೋ ಗಿಣ್ಣಿನದೋ ಚಿತ್ರದಿಂದ ಹೇಳಲಾಗದು. ಬಾಣಂತಿಗೆ ಬಡಿಸುವ ಮುಂಚೆ ರುಚಿ ನೋಡುತ್ತಿರುವಳೆಂದು ಮಗಳು. ಬಾಣಂತನಕ್ಕೆ ಬಂದವಳಿಗೂ ಹಸಿವಾಗುವುದೆಂದು ನಾನು.

ಶಿವಮೊಗ್ಗೆಯ ಸೋದರಿಗೆ ಇನ್ನೊಂದು ಮಾತು. ಅಲ್ಲಿ ಈ ಉಂಡೆಗೆ ಜೊತೆಯಾಗಿ ಪ್ಲಮ್ ಜಾತಿಯ ನೀಲಿಹಣ್ಣನ್ನು ಸಕ್ಕರೆ, ದಾಲ್ಚಿನ್ನಿ, ಲವಂಗಗಳೊಡನೆ ಬೇಯಿಸಿ ಬಡಿಸುವರು. ಆಗಸ್ಟಿನಲ್ಲಿ ನಮ್ಮಲ್ಲಿ ಒಳ್ಳೆಯ ಪ್ಲಮ್ ದೊರೆಯುವುದು ಕಷ್ಟ. ಒಣಪ್ಲಮ್ಮನ್ನು ರಾತ್ರಿ ನೆನೆಹಾಕಿ, ನೆನೆದ ನೀರಿನಲ್ಲಿಯೇ ಬೇಯಿಸಿ, ಕೊನೆಗೆ ಅರ್ಧ ನಿಂಬೆಹಣ್ಣು ಹಿಂಡಿದರೆ ಹುಡುಗನು ವ್ಯತ್ಯಾಸ ಹೇಳಲಾರನು. ಮೊಸರನ್ನು ಮಾತ್ರ ಅವನು ಬರುವ ಹಿಂದಿನ ರಾತ್ರಿಯೇ ಕಟ್ಟಿಬಿಡಿರಿ.