ವೀರಗಲ್ಲು ನೆಟ್ಟರೆ ಸಾಲದು

ಕರ್ನಾಟಕದ ಹಳ್ಳಿಗಳಲ್ಲಿ ಊರ ಮುಂದೆ, ಕೆರೆ ಏರಿಯ ಬಳಿ, ಹಾಳು ಗುಡಿಯ ಅಂಗಳದಲ್ಲಿ ಇಂದಿಗೂ ವೀರಗಲ್ಲುಗಳು ಕಾಣಸಿಗುತ್ತವೆ. ತುರುಗಳನ್ನು ಬಿಡಿಸಿ ತರುವಾಗ ಮಡಿದವನಿಗೆ, ಊರ ಮೇಲೆ ಬಿದ್ದ ಶತ್ರುಗಳೊಡನೆ ಕಾದಿ ಸತ್ತವನಿಗೆ ನಮ್ಮ ಪೂರ್ವಿಕರು ಕಲ್ಲು ನಿಲ್ಲಿಸಿದರು. ಕೆಳಗಿನ ಪಟ್ಟಿಕೆಯಲ್ಲಿ ಕಾಳಗ, ನಡುವೆ ವೀರನನ್ನು ಕೊಂಡೊಯ್ಯುವ ಅಪ್ಸರೆಯರು, ಮೇಲೆ ದೇವರ ಸನ್ನಿಧಿ. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ, ಕಾಡುಹಂದಿಯೊಡನೆ ಹೋರಾಡಿ ಸತ್ತ ಕಾಳಿ ಎಂಬ ನಾಯಿಗೂ ಹತ್ತನೆಯ ಶತಮಾನದಲ್ಲಿ ಕಲ್ಲು ನೆಟ್ಟರು. ಶೌರ್ಯವನ್ನು ಗುರುತಿಸುವುದರಲ್ಲಿ ಈ ನಾಡು ಎಂದೂ ಜಿಪುಣತನ ತೋರಿದ್ದಿಲ್ಲ.

ಆದರೆ ಆ ಕಲ್ಲುಗಳು ಸಾರುವ ಶೌರ್ಯಕ್ಕೆ ಒಂದು ಆಸರೆಯಿತ್ತು. ಶತ್ರು ಹೊರಗಿನವನಾಗಿದ್ದ, ಇಡೀ ಊರು ವೀರನ ಬೆನ್ನಿಗಿತ್ತು. ನೈತಿಕ ಧೈರ್ಯ ಎಂದು ನಾವು ಕರೆಯುವ ಗುಣಕ್ಕೆ ಈ ಎರಡು ಅನುಕೂಲಗಳೂ ಇಲ್ಲ. ಇಲ್ಲಿ ಎದುರಾಳಿ ಪಕ್ಕದ ಮೇಜಿನ ಸಹೋದ್ಯೋಗಿಯಾಗಿರಬಹುದು, ಮೇಲಧಿಕಾರಿಯಾಗಿರಬಹುದು, ಹಬ್ಬಕ್ಕೆ ಮನೆಗೆ ಸಿಹಿ ಕಳುಹಿಸುವ ಗುತ್ತಿಗೆದಾರನಾಗಿರಬಹುದು. ಬೆನ್ನಿಗೆ ನಿಲ್ಲುವವರು ಯಾರೂ ಇರುವುದಿಲ್ಲ. ‘ಊರಿಗಿಲ್ಲದ ಉಸಾಬರಿ ನಿಮಗೊಬ್ಬರಿಗೇ ಯಾಕೆ?’ ಎಂಬ ಪ್ರಶ್ನೆ ಸ್ವಂತ ಮನೆಯಿಂದಲೇ ಬರುತ್ತದೆ. ರಣರಂಗದಲ್ಲಿ ಹಿಂಜರಿದವನನ್ನು ಹೇಡಿ ಎನ್ನುವ ಸಮಾಜವೇ, ಕಚೇರಿಯಲ್ಲಿ ಹಿಂಜರಿಯದವನನ್ನು ವ್ಯವಹಾರ ತಿಳಿಯದವನು ಎನ್ನುತ್ತದೆ.

ಮಂಜುನಾಥ್ ಷಣ್ಮುಗಂ ಅವರ ಹೆಸರನ್ನು ಇಂದಿನ ಎಷ್ಟು ಓದುಗರು ನೆನಪಿಟ್ಟಿದ್ದಾರೋ ಕಾಣೆ. ಕೋಲಾರದ ಚಿನ್ನದ ಗಣಿ ಪ್ರದೇಶದಲ್ಲಿ ಬೆಳೆದು, ಮೈಸೂರಿನ ಶ್ರೀ ಜಯಚಾಮರಾಜೇಂದ್ರ ಎಂಜಿನಿಯರಿಂಗ್ ಕಾಲೇಜಿನಲ್ಲಿ ಓದಿ, ಲಖನೌದ ಭಾರತೀಯ ನಿರ್ವಹಣಾ ಸಂಸ್ಥೆಯಿಂದ ಪದವಿ ಪಡೆದ ಯುವಕ ಆತ. ಇಂಡಿಯನ್ ಆಯಿಲ್ ಸಂಸ್ಥೆಯ ಮಾರಾಟ ಅಧಿಕಾರಿಯಾಗಿ ಉತ್ತರ ಪ್ರದೇಶದ ಲಖೀಂಪುರ ಖೇರಿಯಲ್ಲಿ ಅವರ ಕೆಲಸ. ಕಲಬೆರಕೆ ಇಂಧನ ಮಾರುತ್ತಿದ್ದ ಬಂಕ್ ಒಂದಕ್ಕೆ ಬೀಗಮುದ್ರೆ ಹಾಕಿಸಿದ್ದರು. ಅದು ಮತ್ತೆ ತೆರೆದ ಮೇಲೆ 2005ರ ನವೆಂಬರ್ 19ರಂದು ಪುನಃ ತಪಾಸಣೆಗೆ ಹೋದರು. ಅಂದೇ ಗುಂಡಿಗೆ ಬಲಿಯಾದರು. ಅವರ ಶವ ಅವರದೇ ಕಾರಿನಲ್ಲಿ ಪತ್ತೆಯಾಯಿತು. ಆಗ ಅವರಿಗೆ 27 ವರ್ಷ.

ಮಂಜುನಾಥ್ ಮಾಡಿದ್ದಾದರೂ ಏನು? ಕ್ರಾಂತಿಯಲ್ಲ, ಸತ್ಯಾಗ್ರಹವಲ್ಲ. ಮಾದರಿ ತೆಗೆದು ಪರೀಕ್ಷಿಸುವುದು, ಕಲಬೆರಕೆ ಕಂಡರೆ ವರದಿ ಬರೆಯುವುದು, ಮಾರಾಟ ನಿಲ್ಲಿಸುವುದು. ಇವೆಲ್ಲ ಅವರ ಹುದ್ದೆಯ ನಿತ್ಯದ ಕರ್ತವ್ಯಗಳೇ. ಅಂದರೆ, ಸಂಬಳ ಪಡೆದ ಕೆಲಸವನ್ನು ಸರಿಯಾಗಿ ಮಾಡುವುದೇ ವೀರಕೃತ್ಯವಾಗಿಬಿಡುವ ಸ್ಥಿತಿಗೆ ನಾವು ಬಂದಿದ್ದೆವು. ಅವರ ಬಲಿದಾನವನ್ನು ಹೊಗಳುವ ಮುನ್ನ ಈ ಸ್ಥಿತಿ ಹೇಗೆ ನಿರ್ಮಾಣವಾಯಿತೆಂದು ಕೇಳಿಕೊಳ್ಳಬೇಕು.

ಅರ್ಥಶಾಸ್ತ್ರದ ವಿದ್ಯಾರ್ಥಿಗೆ ಅದರ ಉತ್ತರ ಬೆಲೆಪಟ್ಟಿಯಲ್ಲಿಯೇ ಕಾಣುತ್ತದೆ. 2005ರಲ್ಲಿ ಪಡಿತರ ಸೀಮೆಎಣ್ಣೆಯ ಬೆಲೆ ಲೀಟರಿಗೆ ಸುಮಾರು 9 ರೂಪಾಯಿ. ಡೀಸೆಲ್ ಬೆಲೆ 30 ರೂಪಾಯಿಯ ಆಸುಪಾಸು. ಒಂದರೊಳಗೊಂದು ಸುಲಭವಾಗಿ ಬೆರೆಯುವ ಎರಡು ದ್ರವಗಳ ನಡುವೆ ಲೀಟರಿಗೆ 20 ರೂಪಾಯಿಯ ಅಂತರ. ಸಾವಿರ ಲೀಟರ್ ಬೆರೆಸಿದರೆ 20 ಸಾವಿರ ರೂಪಾಯಿ. ಉಗ್ರಾಣದಿಂದ ಬಂಕ್‌ವರೆಗೆ ಹಲವು ಕೈಗಳು ಹಂಚಿಕೊಳ್ಳಬಹುದಾದ ಮೊತ್ತವದು. ಪಡಿತರ ಸೀಮೆಎಣ್ಣೆಯಲ್ಲಿ ಮೂರನೇ ಒಂದು ಭಾಗಕ್ಕಿಂತ ಹೆಚ್ಚು ದಾರಿ ತಪ್ಪುತ್ತಿದೆಯೆಂದು ರಾಷ್ಟ್ರೀಯ ಅನ್ವಯಿಕ ಆರ್ಥಿಕ ಸಂಶೋಧನಾ ಮಂಡಳಿಯ ಅಧ್ಯಯನ ಆ ಹೊತ್ತಿಗೇ ಹೇಳಿತ್ತು. ಬಡವರ ಮನೆಯ ದೀಪಕ್ಕೆಂದು ಕೊಟ್ಟ ಸಬ್ಸಿಡಿಯ ಉದ್ದೇಶ ಒಳ್ಳೆಯದೇ. ಆದರೆ ಅಂತಹ ಅಂತರವನ್ನು ಸೃಷ್ಟಿಸಿ, ಅದರ ಕಾವಲಿಗೆ ಆಯುಧವಿಲ್ಲದ ಒಬ್ಬ ಯುವಕನನ್ನು ನಿಲ್ಲಿಸಿದ್ದು ಯಾವ ನೀತಿ?

2016ರಿಂದ ಸೀಮೆಎಣ್ಣೆಯ ಬೆಲೆಯನ್ನು ಸ್ವಲ್ಪ ಸ್ವಲ್ಪವಾಗಿ ಏರಿಸುತ್ತ ಬಂದು, 2020ರ ವೇಳೆಗೆ ಸಬ್ಸಿಡಿಯನ್ನು ಕೊನೆಗೊಳಿಸಲಾಯಿತು. ಆ ಹೊತ್ತಿಗೆ ವಿದ್ಯುತ್ ಮತ್ತು ಅಡುಗೆ ಅನಿಲ ಬಹುಪಾಲು ಮನೆಗಳನ್ನು ತಲುಪಿದ್ದವು. ಬೆಲೆಗಳ ಅಂತರ ಕುಗ್ಗಿದಂತೆ ಕಲಬೆರಕೆಯ ಆಮಿಷವೂ ಕುಗ್ಗಿತು. ಮನುಷ್ಯರು ಒಮ್ಮೆಲೇ ಸಜ್ಜನರಾದರೆಂದಲ್ಲ. ದುರ್ಜನರಾಗುವುದರಿಂದ ಸಿಗುವ ಲಾಭ ಕಡಿಮೆಯಾಯಿತು. ಈ ತಿದ್ದುಪಡಿ ಹತ್ತು ಹದಿನೈದು ವರ್ಷ ಮೊದಲೇ ಆಗಿದ್ದರೆ ಎಂಬ ಪ್ರಶ್ನೆ ನನ್ನನ್ನು ಬಿಡದೆ ಕಾಡುತ್ತದೆ.

ಸತ್ಯೇಂದ್ರ ದುಬೆ ಅವರ ಪ್ರಕರಣ ಇನ್ನೊಂದು ಬಗೆಯ ವೈಫಲ್ಯವನ್ನು ತೋರಿಸುತ್ತದೆ. ಕಾನ್ಪುರದ ಐಐಟಿಯಲ್ಲಿ ಓದಿದ ಈ ಎಂಜಿನಿಯರ್, ರಾಷ್ಟ್ರೀಯ ಹೆದ್ದಾರಿ ಪ್ರಾಧಿಕಾರದಲ್ಲಿ ಸುವರ್ಣ ಚತುಷ್ಪಥ ಯೋಜನೆಯ ಕೆಲಸದಲ್ಲಿದ್ದರು. ಕಾಮಗಾರಿಯ ಅಕ್ರಮಗಳನ್ನು ವಿವರಿಸಿ 2002ರ ನವೆಂಬರಿನಲ್ಲಿ ಪ್ರಧಾನಿಯವರ ಕಾರ್ಯಾಲಯಕ್ಕೆ ಪತ್ರ ಬರೆದರು. ತಮ್ಮ ಗುರುತನ್ನು ಗೋಪ್ಯವಾಗಿಡಬೇಕೆಂದು ಕೋರಿದ್ದರು. ಆದರೆ ಪತ್ರ ಅವರ ಹೆಸರಿನೊಂದಿಗೇ ಕಚೇರಿಯಿಂದ ಕಚೇರಿಗೆ ಹೋಯಿತು. 2003ರ ನವೆಂಬರ್ 27ರಂದು ಗಯಾದಲ್ಲಿ ಅವರ ಹತ್ಯೆಯಾಯಿತು. ಅದು ದರೋಡೆಗಾಗಿ ನಡೆದ ಕೊಲೆಯೆಂಬುದು ತನಿಖಾ ಸಂಸ್ಥೆಯ ನಿಲುವಾಗಿತ್ತು; ಹಲವರು ಅದನ್ನು ಒಪ್ಪಲಿಲ್ಲ. ಕೊಲೆಯ ಹಿನ್ನೆಲೆ ಏನೇ ಇರಲಿ, ಪತ್ರ ಬಯಲಾದದ್ದು ಮಾತ್ರ ನಿರ್ವಿವಾದ.

ಸರ್ಕಾರಿ ಸೇವೆಯಲ್ಲಿ ದಶಕಗಳನ್ನು ಕಳೆದ ನನಗೆ ಆ ಪತ್ರದ ಪ್ರಯಾಣವನ್ನು ಊಹಿಸುವುದು ಕಷ್ಟವಲ್ಲ. ಸ್ವೀಕೃತಿ ಮುದ್ರೆ, ವಹಿಯಲ್ಲೊಂದು ಸಂಖ್ಯೆ, ಅಂಚಿನಲ್ಲೊಂದು ಕಿರುಸಹಿ, ಕೆಳಗೆ ‘ಅಗತ್ಯ ಕ್ರಮಕ್ಕಾಗಿ ರವಾನಿಸಿದೆ’ ಎಂಬ ಒಂದು ಸಾಲು. ಯಾರಲ್ಲೂ ದುರುದ್ದೇಶ ಇರಬೇಕಾಗಿಲ್ಲ. ಕಾಗದವನ್ನು ತನ್ನ ಮೇಜಿನಿಂದ ಸಾಗಹಾಕುವ ನಮ್ಮ ಅಭ್ಯಾಸವೊಂದೇ ಸಾಕು.

ಇಲ್ಲಿ ನನ್ನದೊಂದು ತಪ್ಪನ್ನೂ ಒಪ್ಪಿಕೊಳ್ಳಬೇಕು. ಬಹಳ ಹಿಂದೆ, ಒಂದು ಖರೀದಿಯ ಕಡತದಲ್ಲಿ ನನ್ನ ಕೈಕೆಳಗಿನ ಪ್ರಥಮ ದರ್ಜೆ ಸಹಾಯಕರೊಬ್ಬರು, ದರ ಮಾರುಕಟ್ಟೆಗಿಂತ ಹೆಚ್ಚಿದೆಯೆಂದು ಸ್ಪಷ್ಟವಾಗಿ ಟಿಪ್ಪಣಿ ಬರೆದಿದ್ದರು. ಅವರು ಹೇಳಿದ್ದು ಸರಿ ಎಂದು ನನಗೆ ಗೊತ್ತಿತ್ತು. ಒಪ್ಪಿ ಸಹಿ ಹಾಕಿದ್ದರೆ ಮೇಲಿನವರ ಮುನಿಸು. ತಿರಸ್ಕರಿಸಿದರೆ ಆತ್ಮಸಾಕ್ಷಿಯ ಮುನಿಸು. ನಾನು ‘ಚರ್ಚಿಸಿ’ ಎಂದಷ್ಟೇ ಬರೆದು ಕಡತವನ್ನು ಹಿಂದಿರುಗಿಸಿದೆ. ಚರ್ಚೆ ನಡೆಯಲೇ ಇಲ್ಲ. ಕೆಲವು ವಾರಗಳಲ್ಲಿ ಅವರಿಗೆ ದೂರದ ಜಿಲ್ಲೆಗೆ ವರ್ಗವಾಯಿತು. ಹೊಸ ಟಿಪ್ಪಣಿಯೊಂದಿಗೆ ಕಡತ ಮುಂದೆ ಸಾಗಿತು. ಹೊರಡುವ ದಿನ ಅವರು ಬಂದು ನಮಸ್ಕರಿಸಿ ಹೋದರು, ಒಂದು ಮಾತೂ ಆಡಲಿಲ್ಲ. ನನ್ನ ಸೇವಾ ದಾಖಲೆಯಲ್ಲಿ ಆ ಘಟನೆಯ ಕಲೆಯಿಲ್ಲ. ಅವರ ಮಕ್ಕಳಿಗೆ ವರ್ಷದ ನಡುವೆ ಶಾಲೆ ಬದಲಾಯಿತು.

ಆ ದಿನ ನನ್ನ ಪ್ರಾಣಕ್ಕೇನೂ ಅಪಾಯವಿರಲಿಲ್ಲ. ಹೆಚ್ಚೆಂದರೆ ಒಂದು ವರ್ಗಾವಣೆ, ತಡವಾದ ಒಂದು ಬಡ್ತಿ. ನೈತಿಕ ಧೈರ್ಯ ಎಂದೊಡನೆ ನಾವು ಪ್ರಾಣತ್ಯಾಗವನ್ನೇ ಕಣ್ಣ ಮುಂದೆ ತಂದುಕೊಳ್ಳುತ್ತೇವೆ. ‘ಅದು ಮಹಾತ್ಮರ ಕೆಲಸ, ನಮ್ಮಿಂದಾಗದು’ ಎಂದು ಕೈಮುಗಿದು ಪಾರಾಗುತ್ತೇವೆ. ವೀರಾರಾಧನೆಯ ಒಳಗೆ ಅಡಗಿರುವ ಜಾಣತನವಿದು. ನಮ್ಮಲ್ಲಿ ಬಹುಮಂದಿಗೆ ಬದುಕು ಕೇಳುವುದು ಪ್ರಾಣವನ್ನಲ್ಲ; ಒಂದು ನೇರವಾದ ಟಿಪ್ಪಣಿಯನ್ನು, ಸಭೆಯಲ್ಲಿ ಒಂದು ಭಿನ್ನಾಭಿಪ್ರಾಯವನ್ನು, ಒಂಟಿಯಾದ ಸಹೋದ್ಯೋಗಿಯ ಪಕ್ಕದಲ್ಲೊಂದು ಕುರ್ಚಿಯನ್ನು. ಇಷ್ಟನ್ನು ಹತ್ತು ಜನ ಕೊಟ್ಟರೆ ಹನ್ನೊಂದನೆಯವನು ಪ್ರಾಣ ಕೊಡಬೇಕಾಗುವುದಿಲ್ಲ.

ಮಂಜುನಾಥ್ ಪ್ರಕರಣದ ಉತ್ತರಾರ್ಧ ಇದಕ್ಕೆ ಸಾಕ್ಷಿ. ಅವರು ಓದಿದ ಸಂಸ್ಥೆಯ ಹಳೆಯ ವಿದ್ಯಾರ್ಥಿಗಳು ಒಂದು ಟ್ರಸ್ಟ್ ಕಟ್ಟಿ, ಮೊಕದ್ದಮೆ ಹಳ್ಳ ಹಿಡಿಯದಂತೆ ಬೆನ್ನುಹತ್ತಿದರು. 2007ರಲ್ಲಿಯೇ ವಿಚಾರಣಾ ನ್ಯಾಯಾಲಯ ಆರೋಪಿಗಳನ್ನು ದೋಷಿಗಳೆಂದು ಘೋಷಿಸಿತು. ಪ್ರಮುಖ ಆರೋಪಿಯ ಮರಣದಂಡನೆ ಮುಂದೆ ಜೀವಾವಧಿಗೆ ಇಳಿಯಿತು. 2015ರಲ್ಲಿ ಸುಪ್ರೀಂ ಕೋರ್ಟ್ ಜೀವಾವಧಿ ಶಿಕ್ಷೆಯನ್ನು ಎತ್ತಿಹಿಡಿಯಿತು. ಸಾಕ್ಷಿಗಳು ಕರಗಿಹೋಗುವುದೇ ವಾಡಿಕೆಯಾದ ದೇಶದಲ್ಲಿ ಇದು ಸಣ್ಣ ಸಂಗತಿಯಲ್ಲ.

ಪ್ರಭುತ್ವ ಮಾತ್ರ ತನ್ನ ಪಾಲಿನ ಕೆಲಸವನ್ನು ಅರ್ಧಕ್ಕೇ ಬಿಟ್ಟಿದೆ. ದುಬೆ ಹತ್ಯೆಯ ನಂತರ, 2004ರಲ್ಲಿ ದೂರು ನೀಡುವವರ ರಕ್ಷಣೆಯ ಹೊಣೆಯನ್ನು ಒಂದು ನಿರ್ಣಯದ ಮೂಲಕ ಕೇಂದ್ರ ಜಾಗೃತ ಆಯೋಗಕ್ಕೆ ವಹಿಸಲಾಯಿತು. ಶಾಸನಬದ್ಧ ರಕ್ಷಣೆಗಾಗಿ 2014ರಲ್ಲಿ ಸಂಸತ್ತು ಕಾಯ್ದೆಯನ್ನೇ ಅಂಗೀಕರಿಸಿತು. ರಾಷ್ಟ್ರಪತಿಗಳ ಅಂಕಿತವೂ ಬಿತ್ತು. ಆದರೆ ಅದನ್ನು ಜಾರಿಗೆ ತರುವ ಮೊದಲೇ, 2015ರಲ್ಲಿ ಅದನ್ನು ಸಡಿಲಗೊಳಿಸುವ ತಿದ್ದುಪಡಿ ಮಸೂದೆ ಬಂತು. 2019ರಲ್ಲಿ ಲೋಕಸಭೆಯ ಅವಧಿಯೊಂದಿಗೆ ಅದೂ ಬಿದ್ದುಹೋಯಿತು. ಅಂಕಿತ ಬಿದ್ದು ಹತ್ತು ವರ್ಷ ಕಳೆದರೂ ಕಾಯ್ದೆ ಜಾರಿಯ ಅಧಿಸೂಚನೆ ಹೊರಡಲಿಲ್ಲ. ಪಕ್ಷಗಳು ಬದಲಾದವು, ಅನಾಸ್ಥೆ ಬದಲಾಗಲಿಲ್ಲ. ಇಲ್ಲಿಯೂ ಯಾರೋ ‘ಚರ್ಚಿಸಿ’ ಎಂದು ಬರೆದಂತಿದೆ.

ಒಂದು ಸಮಾಜದಲ್ಲಿ ಎಷ್ಟು ಹುತಾತ್ಮರಿದ್ದಾರೆಂಬುದು ಅದರ ಹಿರಿಮೆಯ ಅಳತೆಯಲ್ಲ. ಸಾಧಾರಣ ಮನುಷ್ಯನೊಬ್ಬ, ಮಕ್ಕಳ ಶುಲ್ಕ ಮತ್ತು ಮನೆಸಾಲದ ಕಂತುಗಳ ನಡುವೆಯೂ, ಎಷ್ಟು ಕಡಿಮೆ ಬೆಲೆಗೆ ಪ್ರಾಮಾಣಿಕನಾಗಿರಬಲ್ಲ ಎಂಬುದೇ ಅಳತೆ. ಆ ಬೆಲೆಯನ್ನು ಇಳಿಸುವ ಕೆಲಸ ಕಾನೂನಿನದು, ಬೆಲೆ ನೀತಿಯದು, ಕಚೇರಿಯ ಪದ್ಧತಿಯದು. ಎಷ್ಟು ಇಳಿಸಿದರೂ ಸ್ವಲ್ಪ ಉಳಿದೇ ಉಳಿಯುತ್ತದೆ. ಅದನ್ನು ಮಾತ್ರ ಪ್ರತಿಯೊಬ್ಬರೂ ಸ್ವಂತ ಕಿಸೆಯಿಂದಲೇ ತೆರಬೇಕು. ನನ್ನ ಸರದಿ ಬಂದಾಗ ನಾನು ತೆರಲಿಲ್ಲ. ಇಂದು ಕಚೇರಿಗಳಲ್ಲಿ ಕುಳಿತಿರುವ ಕಿರಿಯರ ಮುಂದೆ ಅಂತಹದೊಂದು ಕಡತ ಬಂದೇ ಬರುತ್ತದೆ. ಅಂದು ಅವರು ಬರೆಯುವ ಎರಡು ಸಾಲಿಗೆ ಯಾರೂ ಕಲ್ಲು ನೆಡುವುದಿಲ್ಲ. ಆದರೂ ಬರೆಯಲಿ; ಪಕ್ಕದ ಮೇಜಿನವರು ಅದರ ಕೆಳಗೆ ತಮ್ಮ ಸಹಿಯನ್ನೂ ಸೇರಿಸಲಿ.