ಟೈಟಾನಿಕ್ ಮತ್ತು ಹಿಮಬಂಡೆ: ಫಾರ್ವರ್ಡ್‌ಗಳು ಹೇಳುವ ಕಥೆ ಎಷ್ಟು ನಿಜ?

ಟೈಟಾನಿಕ್ ಹಡಗಿನ ಬಗ್ಗೆ ಎರಡು ಸಂದೇಶಗಳು ವಾಟ್ಸಾಪ್‌ನಲ್ಲಿ ವರ್ಷಗಳಿಂದ ಸುತ್ತುತ್ತಿವೆ. ಮೊದಲನೆಯದು: “ಈ ಹಡಗನ್ನು ದೇವರೂ ಮುಳುಗಿಸಲಾರ ಎಂದು ಕಟ್ಟಿದವನೇ ಹೇಳಿದ್ದ, ಅದಕ್ಕೇ ಅದು ಮೊದಲ ಪ್ರಯಾಣದಲ್ಲೇ ಮುಳುಗಿತು.” ಎರಡನೆಯದು: “ಟೈಟಾನಿಕ್ ಮುಳುಗುವಾಗ ಹತ್ತಿರದಲ್ಲಿ ಮೂರು ಹಡಗುಗಳಿದ್ದವು. ಒಂದು ಕಂಡರೂ ಓಡಿಹೋಯಿತು, ಒಂದು ಮಲಗಿಬಿಟ್ಟಿತು, ಒಂದು ಮಾತ್ರ ಧಾವಿಸಿ ಬಂತು. ನೀವು ಯಾವ ಹಡಗು?”

ಗದಗ ತಾಲ್ಲೂಕಿನ ನಮ್ಮ ಕುರ್ತಕೋಟಿಯಿಂದ ಕಡಲು ನೂರು ಕಿಲೋಮೀಟರಿಗೂ ಹೆಚ್ಚು ದೂರ. ಹಿಮಬಂಡೆಯ ಮಾತು ಹಾಗಿರಲಿ, ಹಡಗನ್ನೇ ಕಣ್ಣಾರೆ ನೋಡದವರು ಇಲ್ಲಿ ಬಹಳ ಮಂದಿ. ಇಲ್ಲಿ ನಮಗೆ ಗೊತ್ತಿರುವ ಆಕಾಶದ ಮಂಜುಗಡ್ಡೆ ಎಂದರೆ ಬೇಸಿಗೆಯ ಮಳೆಯ ಜೊತೆ ಬೀಳುವ ಆಲಿಕಲ್ಲು. ಆದರೂ ಈ ಸಂದೇಶಗಳು ಇಂಥ ಊರುಗಳ ಗುಂಪುಗಳಿಗೂ ತಪ್ಪದೇ ಬರುತ್ತವೆ. ಇವುಗಳಲ್ಲಿ ನಿಜವೆಷ್ಟು? ಒಂದು ಮಂಜುಗಡ್ಡೆ ಅಷ್ಟು ದೊಡ್ಡ ಕಬ್ಬಿಣದ ಹಡಗನ್ನು ಹೇಗೆ ಮುಳುಗಿಸಿತು? ಬನ್ನಿ, ಒಂದೊಂದಾಗಿ ನೋಡೋಣ.

ಹಿಮಬಂಡೆ ಎಂದರೇನು?

ಹಿಮಬಂಡೆ, ಅಂದರೆ ಐಸ್‌ಬರ್ಗ್, ಕಡಲಿನ ನೀರು ಹೆಪ್ಪುಗಟ್ಟಿ ಆದದ್ದಲ್ಲ. ಗ್ರೀನ್‌ಲ್ಯಾಂಡ್, ಅಂಟಾರ್ಕ್ಟಿಕಾದಂತಹ ಕಡೆ ನೆಲದ ಮೇಲೆ ಸಾವಿರಾರು ವರ್ಷ ಬಿದ್ದ ಹಿಮ ಒತ್ತಿ ಒತ್ತಿ ಗಟ್ಟಿಯಾಗಿ ಹಿಮನದಿಯಾಗುತ್ತದೆ. ಅದು ನಿಧಾನವಾಗಿ ಜಾರಿ ಕಡಲಂಚಿಗೆ ಬಂದಾಗ ಅದರ ತುದಿ ಮುರಿದು ನೀರಿಗೆ ಬೀಳುತ್ತದೆ. ಆ ತುಂಡೇ ಹಿಮಬಂಡೆ. ಹಾಗಾಗಿ ಉಪ್ಪು ನೀರಿನಲ್ಲಿ ತೇಲಿದರೂ ಅದರೊಳಗಿರುವುದು ಸಿಹಿನೀರು.

ಅದು ತೇಲುವುದೇಕೆ? ಮನೆಯಲ್ಲೇ ನೋಡಬಹುದು. ಒಂದು ಗಾಜಿನ ಲೋಟದಲ್ಲಿ ನೀರು ಹಾಕಿ ಫ್ರಿಜ್‌ನ ಐಸ್ ತುಂಡನ್ನು ಬಿಡಿ. ಅದು ಮುಳುಗುವುದಿಲ್ಲ, ಪೂರ್ತಿ ಮೇಲೆಯೂ ನಿಲ್ಲುವುದಿಲ್ಲ, ಹೆಚ್ಚಿನ ಪಾಲು ನೀರಿನೊಳಗೇ ಇರುತ್ತದೆ. ಒಂದು ಘನ ಮೀಟರ್ ಮಂಜುಗಡ್ಡೆಯ ತೂಕ ಸುಮಾರು 917 ಕೆ.ಜಿ., ಅಷ್ಟೇ ಅಳತೆಯ ಕಡಲ ನೀರಿನ ತೂಕ ಸುಮಾರು 1,025 ಕೆ.ಜಿ. ಈ ಲೆಕ್ಕದಲ್ಲಿ ಹಿಮಬಂಡೆಯ ಹತ್ತರಲ್ಲಿ ಒಂಬತ್ತು ಪಾಲು ನೀರಿನ ಕೆಳಗಿರುತ್ತದೆ.

ಇಲ್ಲೊಂದು ಚಿತ್ರದ ಬಗ್ಗೆಯೂ ಹೇಳಬೇಕು. ನೀರಿನ ಮೇಲೆ ಚಿಕ್ಕ ತುದಿ, ಕೆಳಗೆ ನೀಲಿ ಬಣ್ಣದ ಬೃಹತ್ ಬೆಟ್ಟ ಕಾಣುವ ಫೋಟೋವನ್ನು “ಯಶಸ್ಸಿನ ಗುಟ್ಟು” ಎಂಬಂಥ ಸಂದೇಶಗಳ ಜೊತೆ ನೀವೂ ನೋಡಿರುತ್ತೀರಿ. ಅದು ಒಂದೇ ಕ್ಲಿಕ್‌ನಲ್ಲಿ ತೆಗೆದ ಫೋಟೋ ಅಲ್ಲ. ರಾಲ್ಫ್ ಕ್ಲೆವೆಂಜರ್ ಎಂಬ ಛಾಯಾಗ್ರಾಹಕರು ಬೇರೆ ಬೇರೆ ಚಿತ್ರಗಳನ್ನು ಜೋಡಿಸಿ ಮಾಡಿದ್ದು. ನಿಜವಾದ ಹಿಮಬಂಡೆ ಹಾಗೆ ಉದ್ದುದ್ದ ನಿಲ್ಲುವುದು ಕಡಿಮೆ. ಸಾಮಾನ್ಯವಾಗಿ ಅಡ್ಡಲಾಗಿ, ಅಗಲವಾಗಿ ತೇಲುತ್ತದೆ.

ಹಡಗಿಗೆ ಅಪಾಯ ಎಲ್ಲಿಂದ?

ಹಿಮಬಂಡೆ ಹಡಗನ್ನು ಹುಡುಕಿಕೊಂಡು ಬರುವುದಿಲ್ಲ, ಗಾಳಿ ಮತ್ತು ಪ್ರವಾಹ ಒಯ್ದತ್ತ ಹೋಗುತ್ತದೆ. ಗ್ರೀನ್‌ಲ್ಯಾಂಡಿನ ಪಶ್ಚಿಮ ತೀರದಲ್ಲಿ ಮುರಿದು ಬಿದ್ದ ಬಂಡೆಗಳು ಬ್ಯಾಫಿನ್ ಕೊಲ್ಲಿ ದಾಟಿ, ಲ್ಯಾಬ್ರಡಾರ್ ಎಂಬ ತಣ್ಣನೆಯ ಪ್ರವಾಹದ ಜೊತೆ ದಕ್ಷಿಣಕ್ಕೆ ಸಾಗುತ್ತವೆ. ಹೆಚ್ಚಿನವು ದಾರಿಯಲ್ಲೇ ಕರಗುತ್ತವೆ. ಉಳಿದ ಕೆಲವು ಕೆನಡಾದ ನ್ಯೂಫೌಂಡ್‌ಲ್ಯಾಂಡ್ ದಾಟಿ, ಯುರೋಪ್–ಅಮೆರಿಕ ನಡುವಿನ ಹಡಗುದಾರಿಗೆ ಬರುತ್ತವೆ. ಅಲ್ಲೇ ತೊಂದರೆ ಶುರು.

ಕತ್ತಲಲ್ಲಿ ಅದನ್ನು ಕಾಣುವುದು ಕಷ್ಟ. ಗಾಳಿಯಿದ್ದರೆ ಬಂಡೆಯ ಬುಡಕ್ಕೆ ಅಲೆ ಬಡಿದು ಬಿಳಿ ನೊರೆ ಕಾಣುತ್ತದೆ. ಟೈಟಾನಿಕ್ ಡಿಕ್ಕಿ ಹೊಡೆದ ರಾತ್ರಿ ಚಂದ್ರನೂ ಇರಲಿಲ್ಲ, ಗಾಳಿಯೂ ಇರಲಿಲ್ಲ. ಕಡಲು ಕನ್ನಡಿಯಂತೆ ಶಾಂತವಾಗಿತ್ತು. ಕೇಳಲು ಒಳ್ಳೆಯದೆನಿಸುವ ಈ ಹವೆಯೇ ಕಾವಲುಗಾರರ ಕಣ್ಣಿಗೆ ಸುಳಿವು ಸಿಗದಂತೆ ಮಾಡಿತು.

ದೊಡ್ಡ ಬಂಡೆಗಿಂತ ಚಿಕ್ಕದು ಹೆಚ್ಚು ಅಪಾಯ ಎಂಬುದು ಇಂದಿಗೂ ನಿಜ. ದೊಡ್ಡ ಬಂಡೆ ರೇಡಾರ್‌ನಲ್ಲಿ ಕಾಣುತ್ತದೆ. ನೀರಿನ ಮೇಲೆ ಒಂದು ಮೀಟರೂ ಏಳದ, ‘ಗ್ರೌಲರ್’ ಎಂದು ಕರೆಯುವ ತುಂಡುಗಳು ಅಲೆಗಳ ಮಧ್ಯೆ ರೇಡಾರ್ ಕಣ್ಣನ್ನೂ ತಪ್ಪಿಸುತ್ತವೆ. ಟನ್‌ಗಟ್ಟಲೆ ತೂಕದ ಇಂಥ ತುಂಡು ವೇಗವಾಗಿ ಸಾಗುವ ಹಡಗಿನ ತಗಡನ್ನು ಹರಿಯಲು ಸಾಕು.

‘ದೇವರೂ ಮುಳುಗಿಸಲಾರ’ ಎಂದವರು ಯಾರು?

ಹಡಗನ್ನು ಕಟ್ಟಿದವರು ಪತ್ರಕರ್ತರ ಮುಂದೆ ಹೀಗೆ ಹೇಳಿದರು ಎನ್ನಲು ಆ ಕಾಲದ ದಾಖಲೆಯಿಲ್ಲ. ಈ ಮಾತು ಬದುಕಿ ಬಂದ ಒಬ್ಬ ಪ್ರಯಾಣಿಕರ ನೆನಪಿನಿಂದ ಬಂದದ್ದು. ಹಡಗು ಹತ್ತುವಾಗ ಒಬ್ಬ ಕೆಲಸಗಾರ ಹಾಗೆ ಅಂದಿದ್ದ ಎಂದು ಅವರು ಹೇಳಿದ್ದರು. ಕಾಲ ಕಳೆದಂತೆ ಆ ಮಾತು ಕೆಲಸಗಾರನ ಬಾಯಿಂದ ಕಟ್ಟಿದವನ ಬಾಯಿಗೆ ಬಂತು.

ಆದರೆ ‘ಬಹುತೇಕ ಮುಳುಗದ ಹಡಗು’ ಎಂಬ ನಂಬಿಕೆ ಆಗ ಇದ್ದದ್ದು ನಿಜ. ಅದಕ್ಕೆ ಕಾರಣವೂ ಇತ್ತು. 269 ಮೀಟರ್ ಉದ್ದದ ಹಡಗಿನ ಒಳಭಾಗವನ್ನು ಅಡ್ಡಗೋಡೆಗಳಿಂದ 16 ಕೋಣೆಗಳಾಗಿ ಭಾಗ ಮಾಡಲಾಗಿತ್ತು. ಮುಂದಿನ ನಾಲ್ಕು ಕೋಣೆಗಳಿಗೆ ನೀರು ತುಂಬಿದರೂ ಹಡಗು ತೇಲುತ್ತಿತ್ತು. ಹಿಮಬಂಡೆ ಬಲಬದಿಗೆ ಉಜ್ಜಿಕೊಂಡು ಹೋದಾಗ ನೀರು ನುಗ್ಗಿದ್ದು ನಾಲ್ಕಕ್ಕಿಂತ ಹೆಚ್ಚು ಕೋಣೆಗಳಿಗೆ. ಅಡ್ಡಗೋಡೆಗಳು ಚಾವಣಿಯವರೆಗೆ ಇರಲಿಲ್ಲ. ಐಸ್ ಟ್ರೇಯನ್ನು ಒಂದು ಬದಿಗೆ ಬಾಗಿಸಿ ನೀರು ಬಿಟ್ಟರೆ ಒಂದು ಮನೆ ತುಂಬಿ ಇನ್ನೊಂದಕ್ಕೆ ಹರಿಯುತ್ತದಲ್ಲ, ಅಲ್ಲೂ ಹಾಗೇ ಆಯಿತು.

ಹಿಮಬಂಡೆ ಹಡಗಿನ ಹೊಟ್ಟೆಯನ್ನು ಉದ್ದಕ್ಕೂ ಸೀಳಿತು ಎಂಬುದೂ ಸರಿಯಲ್ಲ. ನೀರು ತುಂಬಿದ ವೇಗದ ಮೇಲೆ ಹಡಗು ಕಟ್ಟಿದ ಸಂಸ್ಥೆಯ ಎಂಜಿನಿಯರ್ ಎಡ್ವರ್ಡ್ ವೈಲ್ಡಿಂಗ್ 1912ರಲ್ಲೇ ಲೆಕ್ಕ ಹಾಕಿದಾಗ, ಒಟ್ಟು ಬಿರುಕಿನ ಅಳತೆ ಸುಮಾರು 12 ಚದರ ಅಡಿ, ಅಂದರೆ ಒಂದು ಸಾಧಾರಣ ಬಾಗಿಲಿಗಿಂತಲೂ ಚಿಕ್ಕದು ಎಂದು ಕಂಡಿತು. 1985ರಲ್ಲಿ ಸುಮಾರು 3,800 ಮೀಟರ್ ಆಳದಲ್ಲಿ ಅವಶೇಷ ಸಿಕ್ಕಿತು. 1996ರ ಸೋನಾರ್ ಪರೀಕ್ಷೆಯಲ್ಲೂ ಕಂಡದ್ದು ಕೆಲವು ಕಿರಿದಾದ ಸೀಳುಗಳೇ.

ಆ ರಾತ್ರಿ ಯಾರೂ ಎಚ್ಚರಿಸಿರಲಿಲ್ಲವೇ?

ಎಚ್ಚರಿಸಿದ್ದರು. ಈ ಕಥೆಯ ಮುಖ್ಯ ಭಾಗ ಇದೇ, ಫಾರ್ವರ್ಡ್‌ಗಳಲ್ಲಿ ಇಲ್ಲದ ಭಾಗವೂ ಇದೇ.

1912ರ ಏಪ್ರಿಲ್ 14ರಂದು ಕ್ಯಾರೋನಿಯಾ, ಬಾಲ್ಟಿಕ್, ಅಮೆರಿಕಾ, ಕ್ಯಾಲಿಫೋರ್ನಿಯನ್, ಮೆಸಾಬಾ ಹಡಗುಗಳಿಂದ “ಮುಂದೆ ಮಂಜುಗಡ್ಡೆ ಇದೆ” ಎಂಬ ವೈರ್‌ಲೆಸ್ ಸಂದೇಶಗಳು ಹೊರಟಿದ್ದವು. ಕೆಲವು ಕ್ಯಾಪ್ಟನ್ ಸ್ಮಿತ್ ಕೈಗೆ ತಲುಪಿದವು. ಮೆಸಾಬಾದ ಸಂದೇಶ ಹಡಗು ನಡೆಸುವ ಅಧಿಕಾರಿಗಳನ್ನು ತಲುಪಲೇ ಇಲ್ಲ. ಏಕೆಂದರೆ ವೈರ್‌ಲೆಸ್ ನೋಡಿಕೊಳ್ಳುತ್ತಿದ್ದವರು ಮಾರ್ಕೋನಿ ಕಂಪನಿಯ ನೌಕರರು. ಶ್ರೀಮಂತ ಪ್ರಯಾಣಿಕರ ಖಾಸಗಿ ಸಂದೇಶ ಕಳಿಸುವುದೇ ಅವರ ದೊಡ್ಡ ಕೆಲಸ. ಹಿಂದಿನ ದಿನ ಯಂತ್ರ ಕೆಟ್ಟಿದ್ದರಿಂದ ಅಂಥ ಸಂದೇಶಗಳು ರಾಶಿ ಬಿದ್ದಿದ್ದವು. ರಾತ್ರಿ ಹನ್ನೊಂದರ ಹೊತ್ತಿಗೆ ಕ್ಯಾಲಿಫೋರ್ನಿಯನ್ ಹಡಗಿನ ಆಪರೇಟರ್ “ನಾವು ಮಂಜಿನ ನಡುವೆ ನಿಂತಿದ್ದೇವೆ” ಎಂದು ತಿಳಿಸಲು ಹೋದಾಗ ಟೈಟಾನಿಕ್‌ನ ಆಪರೇಟರ್ ಸುಮ್ಮನಿರುವಂತೆ ಗದರಿಸಿ ತನ್ನ ಕೆಲಸ ಮುಂದುವರಿಸಿದ.

ಹಡಗು ಗಂಟೆಗೆ ಸುಮಾರು 22 ನಾಟ್, ಅಂದರೆ 40 ಕಿ.ಮೀ. ವೇಗದಲ್ಲಿತ್ತು. ಬಂಡೆ ಕಂಡು ಗಂಟೆ ಬಾರಿಸಿದ ನಂತರ ತಿರುಗಿಸಲು ಸಿಕ್ಕ ಸಮಯ ತೀರ ಕಡಿಮೆ. 11 ಗಂಟೆ 40 ನಿಮಿಷಕ್ಕೆ ಡಿಕ್ಕಿ. ಬೆಳಗಿನ ಜಾವ 2 ಗಂಟೆ 20 ನಿಮಿಷಕ್ಕೆ ಹಡಗು ಪೂರ್ತಿ ಮುಳುಗಿತು. ಸುಮಾರು 2,200 ಜನರಲ್ಲಿ 1,500ರಷ್ಟು ಮಂದಿ ಸತ್ತರು. ಹಡಗಿನಲ್ಲಿದ್ದ ಜೀವರಕ್ಷಕ ದೋಣಿಗಳು 20, ಅವುಗಳಲ್ಲಿ ಜಾಗವಿದ್ದದ್ದು 1,178 ಜನರಿಗೆ. ಇದು ಕಾನೂನು ಮುರಿದದ್ದಲ್ಲ. ಅಂದಿನ ಬ್ರಿಟಿಷ್ ನಿಯಮ ಕೇಳಿದ್ದೇ 16 ದೋಣಿ! ಬ್ರಿಟಿಷ್ ವಿಚಾರಣೆ ಕೊನೆಗೆ ಹೇಳಿದ್ದು: ಡಿಕ್ಕಿಗೆ ಕಾರಣ ಅತಿ ವೇಗ.

ಮೂರು ಹಡಗುಗಳ ಕಥೆ ನಿಜವೇ?

ಅರ್ಧ ನಿಜ. ಫಾರ್ವರ್ಡ್ ಪ್ರಕಾರ ಮೊದಲನೆಯ ಹಡಗು ‘ಸ್ಯಾಮ್ಸನ್’. ಕದ್ದು ಸೀಲ್ ಬೇಟೆಯಾಡುತ್ತಿದ್ದ ಅದು ಸಿಕ್ಕಿಬೀಳುವ ಭಯದಿಂದ ಓಡಿಹೋಯಿತಂತೆ. ಅದರ ಅಧಿಕಾರಿಯೊಬ್ಬ ಹೇಳಿದ ಕಥೆ ದುರಂತವಾಗಿ ಎಷ್ಟೋ ವರ್ಷಗಳ ನಂತರ ಹಬ್ಬಿತು. ಆದರೆ ಆ ಏಪ್ರಿಲ್‌ನಲ್ಲಿ ಸ್ಯಾಮ್ಸನ್ ಐಸ್‌ಲ್ಯಾಂಡಿನ ಬಂದರಿನಲ್ಲಿದ್ದ ದಾಖಲೆಯಿದೆ. ನಿಧಾನವಾಗಿ ಸಾಗುವ ಆ ಹಳೆಯ ಹಡಗು ಅಷ್ಟು ದೂರ ಹೋಗಿ ಬಂದಿತ್ತು ಎಂಬುದನ್ನು ಸಂಶೋಧಕರು ಒಪ್ಪುವುದಿಲ್ಲ.

ಎರಡನೆಯದು ಕ್ಯಾಲಿಫೋರ್ನಿಯನ್. ಇದು ನಿಜ. ಹಡಗು ಮಂಜಿನ ನಡುವೆ ನಿಂತಿತ್ತು. ಒಬ್ಬನೇ ಇದ್ದ ಆಪರೇಟರ್ ದಿನದ ಕೆಲಸ ಮುಗಿಸಿ ಯಂತ್ರ ಆರಿಸಿ ಮಲಗಿದ, ಡಿಕ್ಕಿಗೆ ಕೆಲವೇ ನಿಮಿಷ ಮೊದಲು. ನಂತರ ಅಧಿಕಾರಿಗಳಿಗೆ ಆಕಾಶದಲ್ಲಿ ರಾಕೆಟ್‌ಗಳು ಕಂಡವು, ಕ್ಯಾಪ್ಟನ್‌ಗೂ ತಿಳಿಸಿದರು. ಆಪರೇಟರ್‌ನನ್ನು ಎಬ್ಬಿಸಿ ವಿಚಾರಿಸುವ ಕೆಲಸ ಮಾತ್ರ ಬೆಳಗಾಗುವವರೆಗೆ ಆಗಲಿಲ್ಲ.

ಮೂರನೆಯದು ಕಾರ್ಪಾಥಿಯಾ. ಇದೂ ನಿಜ. ಸುಮಾರು 58 ನಾಟಿಕಲ್ ಮೈಲಿ, ಅಂದರೆ ನೂರು ಕಿ.ಮೀ.ಗೂ ಹೆಚ್ಚು ದೂರವಿದ್ದ ಅದು ಹಿಮಬಂಡೆಗಳ ನಡುವೆ ನುಸುಳಿ ನಾಲ್ಕು ಗಂಟೆ ಹೊತ್ತಿಗೆ ತಲುಪಿ 700ಕ್ಕೂ ಹೆಚ್ಚು ಜನರನ್ನು ಉಳಿಸಿತು. ಕ್ಯಾಪ್ಟನ್ ರೋಸ್ಟ್ರನ್ ಧೈರ್ಯ ದೊಡ್ಡದು. ಆದರೆ ಅವರಿಗೆ ಸಂದೇಶ ತಲುಪಿದ್ದು ಅದೃಷ್ಟದಿಂದ. ಅಲ್ಲಿಯೂ ಆಪರೇಟರ್ ಒಬ್ಬನೇ, ಅವನೂ ಮಲಗಲು ಹೊರಟಿದ್ದ. ಹೆಡ್‌ಫೋನ್ ಇನ್ನೂ ತೆಗೆದಿರಲಿಲ್ಲ.

ಹಾಗಾಗಿ ಇದು ಬರೀ ಒಳ್ಳೆಯವರು, ಕೆಟ್ಟವರು, ಸೋಮಾರಿಗಳ ಕಥೆಯಲ್ಲ. ರಾತ್ರಿಯಿಡೀ ಒಬ್ಬರಾದರೂ ಕೇಳಿಸಿಕೊಳ್ಳುತ್ತಿರಬೇಕು ಎಂಬ ನಿಯಮವೇ ಇರಲಿಲ್ಲ.

ನಂತರ ಬದಲಾದದ್ದೇನು?

1914ರ ಜನವರಿಯಲ್ಲಿ ಲಂಡನ್‌ನಲ್ಲಿ ಕಡಲಿನಲ್ಲಿ ಜೀವರಕ್ಷಣೆಯ ಅಂತರರಾಷ್ಟ್ರೀಯ ಒಪ್ಪಂದವಾಯಿತು. ‘ಸೋಲಾಸ್’ ಎಂದು ಕರೆಯುವ ಅದರ ಹೊಸ ರೂಪವನ್ನು ಭಾರತವೂ ಒಪ್ಪಿದೆ. ಎಲ್ಲರಿಗೂ ಸಾಕಾಗುವಷ್ಟು ದೋಣಿ, ವೈರ್‌ಲೆಸ್‌ನ ನಿರಂತರ ಕಾವಲು, ಮಂಜಿನ ಸುದ್ದಿ ಬಂದರೆ ರಾತ್ರಿ ವೇಗ ತಗ್ಗಿಸುವುದು ಅಥವಾ ದಾರಿ ಬದಲಿಸುವುದು, ಇವೆಲ್ಲ ನಿಯಮಗಳಾದವು. ಹಿಮಬಂಡೆಗಳನ್ನು ಹುಡುಕಿ ಹಡಗುಗಳಿಗೆ ತಿಳಿಸಲು ‘ಅಂತರರಾಷ್ಟ್ರೀಯ ಐಸ್ ಪೆಟ್ರೋಲ್’ ಶುರುವಾಯಿತು. ಅಮೆರಿಕದ ಕರಾವಳಿ ಪಡೆ ಅದನ್ನು ನಡೆಸುತ್ತದೆ. ಮೊದಲು ಹಡಗಿನಿಂದ, ಎರಡನೇ ಮಹಾಯುದ್ಧದ ನಂತರ ವಿಮಾನದಿಂದ, ಈಗ ಉಪಗ್ರಹದಿಂದಲೂ ಕಾಯುತ್ತಾರೆ. ಈ ಪಡೆಯ ಎಚ್ಚರಿಕೆ ಪಾಲಿಸಿದ ಯಾವ ಹಡಗಿನಲ್ಲೂ ಹಿಮಬಂಡೆಯಿಂದ ಜೀವ ಹೋಗಿಲ್ಲ ಎಂಬುದು ಅದರ ದಾಖಲೆ.

ಅಪಾಯ ಮುಗಿದಿದೆ ಎಂದಲ್ಲ. 1959ರ ಜನವರಿಯಲ್ಲಿ ಡೆನ್ಮಾರ್ಕಿನ ‘ಹಾನ್ಸ್ ಹೆಡ್‌ಟಾಫ್ಟ್’ ಗ್ರೀನ್‌ಲ್ಯಾಂಡಿನ ದಕ್ಷಿಣದಲ್ಲಿ ಹಿಮಬಂಡೆಗೆ ಬಡಿದು ಮುಳುಗಿತು. 95 ಜನರಲ್ಲಿ ಒಬ್ಬರೂ ಉಳಿಯಲಿಲ್ಲ. ಅದಕ್ಕೂ ‘ಮುಳುಗದ ಹಡಗು’ ಎಂಬ ಹೆಸರಿತ್ತು, ಅದೂ ಮೊದಲ ಪ್ರಯಾಣವೇ ಆಗಿತ್ತು. 2007ರ ನವೆಂಬರ್‌ನಲ್ಲಿ ‘ಎಕ್ಸ್‌ಪ್ಲೋರರ್’ ಎಂಬ ಪ್ರವಾಸಿ ಹಡಗು ಅಂಟಾರ್ಕ್ಟಿಕಾ ಬಳಿ ಮಂಜಿಗೆ ತಗುಲಿ ಮುಳುಗಿತು. ಆದರೆ ಅದರಲ್ಲಿದ್ದ 154 ಜನರೂ ಬದುಕಿದರು. ದೋಣಿಗಳು ಸಾಕಷ್ಟಿದ್ದವು, ಕರೆ ಕೇಳಿ ಬೇರೆ ಹಡಗುಗಳು ಬಂದವು.

ನಮ್ಮ ಕಡಲಿಗೆ ಹಿಮಬಂಡೆ ಬರುತ್ತದೆಯೇ?

ಇಲ್ಲ. ಕಾರವಾರ, ಮಂಗಳೂರಿನ ಕಡಲು ವರ್ಷವಿಡೀ ಬೆಚ್ಚಗಿರುತ್ತದೆ. ಅಂಟಾರ್ಕ್ಟಿಕಾದ ಹಿಮಬಂಡೆ ಅರಬ್ಬೀ ಸಮುದ್ರ ಸೇರುವ ಎಷ್ಟೋ ಮೊದಲೇ ಕರಗಿಹೋಗುತ್ತದೆ. ‘ಕಾರವಾರದಲ್ಲಿ ಹಿಮಬಂಡೆ’ ಎಂಬ ವಿಡಿಯೋ ಬಂದರೆ ನಂಬಬೇಡಿ.

ಆದರೆ ನಮ್ಮವರು ಹಿಮಬಂಡೆಗಳ ಕಡಲಿಗೆ ಹೋಗುತ್ತಾರೆ. 1981ರ ಡಿಸೆಂಬರ್‌ನಲ್ಲಿ ಎಸ್. ಝಡ್. ಕಾಸಿಂ ಅವರ ಮುಂದಾಳತ್ವದಲ್ಲಿ ಭಾರತದ ಮೊದಲ ಅಂಟಾರ್ಕ್ಟಿಕಾ ತಂಡ ಗೋವಾದಿಂದಲೇ ಹೊರಟಿತ್ತು. ಇಂದು ಆ ಕೆಲಸ ನೋಡಿಕೊಳ್ಳುವ ರಾಷ್ಟ್ರೀಯ ಸಂಸ್ಥೆ ಇರುವುದು ವಾಸ್ಕೋದಲ್ಲಿ. ಗದಗ, ಹುಬ್ಬಳ್ಳಿ ಮೂಲಕ ಪಶ್ಚಿಮಕ್ಕೆ ಹೋಗುವ ರೈಲುಹಳಿಯ ಕೊನೆಯ ನಿಲ್ದಾಣವೇ ಅದು.

ಹಾಗಾದರೆ ನಮಗೇನು ಉಪಯೋಗ?

ಟೈಟಾನಿಕ್‌ನಲ್ಲಿ ಕೊರತೆಯಿದ್ದದ್ದು ಸುದ್ದಿಗಲ್ಲ. ಬೇಕಾದ ಸುದ್ದಿ ಬೇಡದ ಸುದ್ದಿಗಳ ರಾಶಿಯಲ್ಲಿ ಹೂತುಹೋಗಿತ್ತು. ನಮ್ಮ ಮೊಬೈಲ್ ಗುಂಪುಗಳೂ ಈಗ ಹಾಗೇ ಇವೆ. ಏಪ್ರಿಲ್, ಮೇ ತಿಂಗಳಲ್ಲಿ ನಮ್ಮ ಭಾಗದ ಹೊಲಗಳಲ್ಲಿ ಸಿಡಿಲಿಗೆ ಜನ, ದನ ಬಲಿಯಾಗುವುದು ಹೊಸ ಸುದ್ದಿಯಲ್ಲ. ಪುಣೆಯ ಹವಾಮಾನ ವಿಜ್ಞಾನಿಗಳ ‘ದಾಮಿನಿ’ ಆ್ಯಪ್ ಹತ್ತಿರದ ಸಿಡಿಲಿನ ಎಚ್ಚರಿಕೆ ಕೊಡುತ್ತದೆ. ಸರ್ಕಾರದ ಎಚ್ಚರಿಕೆಗಳು ಮೊಬೈಲಿಗೆ ನೇರವಾಗಿಯೂ ಬರುತ್ತವೆ. ನೂರು ಶುಭೋದಯಗಳ ನಡುವೆ ಅದು ಕಣ್ಣಿಗೆ ಬೀಳದಿದ್ದರೆ ಬಂದೂ ಬಾರದಂತೆ.

ಅದಕ್ಕೆ ಎರಡು ಸಣ್ಣ ಕೆಲಸ ಮಾಡಿ. ಊರಿನ ಗುಂಪಿನಲ್ಲಿ ಹವಾಮಾನದ ಎಚ್ಚರಿಕೆಗಳಿಗೆಂದೇ ಒಂದು ಪ್ರತ್ಯೇಕ ಗುಂಪು ಮಾಡಿ, ಅದರಲ್ಲಿ ಬೇರೇನೂ ಹಾಕಬೇಡಿ. ಎಚ್ಚರಿಕೆ ಬಂದಾಗ ಹೊಲದಲ್ಲಿರುವವರಿಗೆ ಬರೀ ಫಾರ್ವರ್ಡ್ ಮಾಡದೆ ಫೋನ್ ಮಾಡಿ ಹೇಳಿ. ಟೈಟಾನಿಕ್ ಫಾರ್ವರ್ಡ್ ಮತ್ತೆ ಬಂದರೆ ಈ ಲೇಖನವನ್ನು ಕಳಿಸಿ: ‘ದೇವರೂ ಮುಳುಗಿಸಲಾರ’ ಎಂದು ಕಟ್ಟಿದವನು ಹೇಳಿದ್ದಕ್ಕೆ ದಾಖಲೆಯಿಲ್ಲ, ಓಡಿಹೋದ ಸ್ಯಾಮ್ಸನ್ ಕಥೆ ನಂಬುವಂಥದ್ದಲ್ಲ, ಕ್ಯಾಲಿಫೋರ್ನಿಯನ್ ಮತ್ತು ಕಾರ್ಪಾಥಿಯಾ ನಿಜ.